ವಾರಕ್ಕೆ ಹತ್ತು ದಿನ ಮಾಡುವ ಮಹಾನುಭಾವರಿಗೆ

ಫ್ಯಾಂಟಸಿ ಕಾದಂಬರಿ, ಗೇಮುಗಳಿಗೆ ಹೊಸ ಲೋಕ ಕಟ್ಟುವವರಿಗೆ ಒಂದು ಚಾಳಿ ಇದೆ. ಭೂಪಟ ಬರೆದಾದ ಮೇಲೆ ಕ್ಯಾಲೆಂಡರ್ ಬರೆಯಲು ಕೂರುತ್ತಾರೆ. ಹನ್ನೆರಡು ತಿಂಗಳು, ತಿಂಗಳಿಗೆ ಸರಿಯಾಗಿ ಮೂವತ್ತು ದಿನ, ವಾರಕ್ಕೆ ಹತ್ತು ದಿನ, ಮಿಕ್ಕಿದ ಐದು ದಿನ ಹಬ್ಬ. ಹೆಸರುಗಳು ಮಾತ್ರ ಬಲು ಚೆಂದ. ಇದನ್ನು ನೋಡಿ ‘ಆಹಾ, ಎಂಥಾ ಡೀಟೇಲು!’ ಅಂತ ಹೊಗಳುವವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತೆ. ಅದು ಡೀಟೇಲ್ ಅಲ್ಲ ಸ್ವಾಮಿ, ಎಕ್ಸೆಲ್ ಶೀಟು.

‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಆಟದ ‘ಫರ್ಗಾಟನ್ ರೆಲ್ಮ್ಸ್’ ಲೋಕವನ್ನೇ ತೊಗೊಳ್ಳಿ. ಅಲ್ಲಿನ ಹಾರ್ಪ್ಟೋಸ್ ಕ್ಯಾಲೆಂಡರ್ ಮೇಲೆ ಹೇಳಿದ ಹಾಗೇ ಇದೆ, ನಾಲ್ಕು ವರ್ಷಕ್ಕೊಮ್ಮೆ ಒಂದು ದಿನ ಜಾಸ್ತಿ. ಈ ಲೆಕ್ಕವನ್ನು ನಿಜವಾದ ಮನುಷ್ಯರ ಮೇಲೆ ಒಂದು ಸಲ ಪ್ರಯೋಗ ಮಾಡಿ ಆಗಿದೆ. ಫ್ರಾನ್ಸಿನ ಕ್ರಾಂತಿಕಾರಿಗಳು 1793ರಲ್ಲಿ ತಂದದ್ದು ಇದನ್ನೇ: ಮೂವತ್ತು ದಿನದ ಹನ್ನೆರಡು ತಿಂಗಳು, ಹತ್ತು ದಿನದ ವಾರ, ಕೊನೆಗೆ ಐದೋ ಆರೋ ಹೆಚ್ಚುವರಿ ದಿನ. ದಿನಕ್ಕೆ ಹತ್ತೇ ಗಂಟೆ, ಗಂಟೆಗೆ ನೂರು ನಿಮಿಷದ ಗಡಿಯಾರವನ್ನೂ ಮಾಡಿಸಿದರು. ಗಡಿಯಾರ 1795ರಲ್ಲೇ ಮೂಲೆ ಸೇರಿತು. ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ವಿಶ್ರಾಂತಿ ಹತ್ತು ದಿನಕ್ಕೊಮ್ಮೆ ಅಂದರೆ ಯಾವ ಕೂಲಿಯವನು ಒಪ್ತಾನೆ? ಚರ್ಚಿಗೆ ಹೋಗುವವರಿಗೆ ಭಾನುವಾರವೇ ಮಾಯ. 1806ರ ಜನವರಿ 1ಕ್ಕೆ ನೆಪೋಲಿಯನ್ ಹಳೇ ಕ್ಯಾಲೆಂಡರನ್ನೇ ವಾಪಸ್ ತಂದ. 1929ರಲ್ಲಿ ಸೋವಿಯತ್ ಸರ್ಕಾರ ಐದು ದಿನದ ವಾರ ಮಾಡಿ, ಕೆಲಸಗಾರರನ್ನು ಐದು ಬಣ್ಣದ ಗುಂಪುಗಳಾಗಿ ಹಂಚಿತು. ಗಂಡನ ಬಣ್ಣ ಒಂದು, ಹೆಂಡತಿಯದು ಇನ್ನೊಂದು ಆದರೆ ಇಬ್ಬರಿಗೂ ಒಟ್ಟಿಗೆ ರಜೆಯೇ ಇಲ್ಲ! 1940ರಲ್ಲಿ ಅವರೂ ಏಳಕ್ಕೆ ಮರಳಿದರು. ಫರ್ಗಾಟನ್ ರೆಲ್ಮ್ಸ್ ಜನ ಮಾತ್ರ ಸಾವಿರಾರು ವರ್ಷದಿಂದ ತುಟಿ ಪಿಟಕ್ ಅನ್ನದೆ ಹತ್ತು ದಿನದ ವಾರ ಎಣಿಸುತ್ತಿದ್ದಾರೆ.

‘ಕಲ್ಪನೆ ತಾನೆ, ಏನು ಬೇಕಾದ್ರೂ ಇರಬಹುದು’ ಅನ್ನುವ ವಾದ ಗೊತ್ತು. ಸರಿ, ಡ್ರ್ಯಾಗನ್ ಇರಲಿ, ಮಾಟ ಮಂತ್ರವೂ ಇರಲಿ. ಆದರೆ ಆ ಲೋಕದಲ್ಲೂ ಜನ ಬಿತ್ತುತ್ತಾರೆ, ಸಾಲ ಮಾಡುತ್ತಾರೆ, ಸುಸ್ತಾಗುತ್ತಾರೆ ತಾನೆ?

ಈ ವಿಷಯದಲ್ಲಿ ಟೋಲ್ಕಿನ್‌ಗೆ ಅಡ್ಡಬೀಳಬೇಕು. 1955ರಲ್ಲಿ ಬಂದ ‘ದಿ ರಿಟರ್ನ್ ಆಫ್ ದಿ ಕಿಂಗ್’ ಪುಸ್ತಕದ ಅನುಬಂಧದಲ್ಲಿ ಹಾಬಿಟ್‌ಗಳ ಕ್ಯಾಲೆಂಡರ್ ಇದೆ. ಅದರಲ್ಲೂ ಮೂವತ್ತು ದಿನದ ಹನ್ನೆರಡು ತಿಂಗಳೇ. ಆದರೆ ವರ್ಷದ ನಡುಮಧ್ಯದ ಒಂದು ದಿನಕ್ಕೆ ವಾರವೇ ಇಲ್ಲ. ಅಧಿಕ ವರ್ಷದ ಹೆಚ್ಚುವರಿ ದಿನಕ್ಕೂ ಇಲ್ಲ. ಉಳಿದದ್ದು 364, ಅಂದರೆ ಸರಿಯಾಗಿ 52 ವಾರ. ಹಾಗಾಗಿ ಪ್ರತಿ ವರ್ಷ ಒಂದು ತಾರೀಖಿಗೆ ಒಂದೇ ವಾರ. ಇದರಿಂದ ಏನಾಯ್ತು ಅಂತಲೂ ಟೋಲ್ಕಿನ್ ಹೇಳುತ್ತಾರೆ: ಹಾಬಿಟ್‌ಗಳು ಪತ್ರದಲ್ಲಿ ವಾರ ಬರೆಯೋದನ್ನೇ ಬಿಟ್ಟರು, ಊರು ದಾಟಿ ದೂರ ಹೋದಾಗ ಪೇಚಿಗೆ ಬಿದ್ದರು. ಇದಪ್ಪಾ ಡೀಟೇಲು!

ಹೆಚ್ಚುಕಮ್ಮಿ ಇದೇ ಉಪಾಯವನ್ನು ನಮ್ಮ ಲೋಕಕ್ಕೆ ತರಲು ಹೊರಟ ದೇಶ ಯಾವುದು ಗೊತ್ತೇ? ಭಾರತ! ವಾರವಿಲ್ಲದ ದಿನಗಳಿರುವ ‘ವರ್ಲ್ಡ್ ಕ್ಯಾಲೆಂಡರ್’ ಬೇಕು ಅಂತ 1953ರಲ್ಲಿ ನಾವೇ ವಿಶ್ವಸಂಸ್ಥೆಯ ಮುಂದೆ ಪ್ರಸ್ತಾಪ ಇಟ್ಟೆವು. ವಿಜ್ಞಾನಿ ಮೇಘನಾದ ಸಾಹಾ ಅದರ ಪರ ವಾದಿಸಿದರು. ಅಂಕಗಣಿತ ಪಕ್ಕಾ ಇತ್ತು. ಆದರೆ ಏಳು ದಿನಕ್ಕೊಮ್ಮೆ ಸಬ್ಬತ್ ಆಚರಿಸುವ ಯೆಹೂದಿಗೆ, ನಡುವೆ ಲೆಕ್ಕಕ್ಕಿಲ್ಲದ ಒಂದು ದಿನ ನುಸುಳಿದರೆ ಅವನ ಶನಿವಾರ ಬೇರೆ, ಕ್ಯಾಲೆಂಡರಿನ ಶನಿವಾರ ಬೇರೆ. 1955ರಲ್ಲಿ ಅಮೆರಿಕ ಧರ್ಮದ ಕಾರಣ ಮುಂದಿಟ್ಟು ಬೇಡ ಅಂದಿತು, ಮರುವರ್ಷ ಪ್ರಸ್ತಾಪ ಅಟ್ಟ ಸೇರಿತು. ಹಾಬಿಟ್‌ಗಳ ಊರಲ್ಲಿ ಗುಡಿಯೂ ಇಲ್ಲ, ಪೂಜಾರಿಯೂ ಇಲ್ಲ, ಅದಕ್ಕೇ ಅಲ್ಲಿ ಗಲಾಟೆಯಾಗಲಿಲ್ಲ ಅಂತ ನನ್ನ ಊಹೆ :-)

ಇನ್ನು ‘ಗೇಮ್ ಆಫ್ ಥ್ರೋನ್ಸ್’. ಬೇಸಿಗೆಯೇ ವರ್ಷಗಟ್ಟಲೆ ನಡೆಯುವ ಆ ಲೋಕದಲ್ಲಿ ರೈತ ಬಿತ್ತನೆಗೆ ದಿನ ನೋಡೋದು ಹೇಗೆ ಅನ್ನೋದನ್ನು ಮಾರ್ಟಿನ್ ಜಾಸ್ತಿ ತಲೆಗೆ ಹಚ್ಚಿಕೊಂಡಿಲ್ಲ. ಆದರೂ ಋತು ಬದಲಾಯಿತು ಅಂತ ಸಾರುವ ಅಧಿಕಾರವನ್ನು ಬಿಳಿ ಕಾಗೆ ಕಳಿಸುವ ಪಂಡಿತರ ಕೈಗೆ ಕೊಟ್ಟರಲ್ಲ, ಅದಕ್ಕೆ ಭೇಷ್ ಅನ್ನಬೇಕು.

ನಿಜವಾದ ಕಾಲಗಣನೆ ಎಷ್ಟು ಗೋಜಲು ಅಂತ ತಿಳಿಯಲು ನಮ್ಮ ಮನೆಯ ಗೋಡೆ ನೋಡಿದರೆ ಸಾಕು. ಹನ್ನೆರಡು ಚಾಂದ್ರಮಾಸ ಸೇರಿದರೆ 354 ದಿನ, ಸೂರ್ಯನ ಲೆಕ್ಕಕ್ಕೆ ಹನ್ನೊಂದು ಕಮ್ಮಿ. ಅದಕ್ಕೇ ಸುಮಾರು 32-33 ತಿಂಗಳಿಗೊಂದು ಅಧಿಕಮಾಸ. ಬಯಲುಸೀಮೆಯಲ್ಲಿ ಚಾಂದ್ರಮಾನ ಯುಗಾದಿ, ತುಳುನಾಡಿನಲ್ಲಿ ಏಪ್ರಿಲ್ ಮಧ್ಯದಲ್ಲಿ ಬಿಸು. ರೈತ ಹಬ್ಬ ಮಾಡುವುದು ಚಂದ್ರನ ತಿಥಿಗೆ, ಬಿತ್ತುವುದು ಸೂರ್ಯನ ಲೆಕ್ಕದ ರೋಹಿಣಿ, ಆರಿದ್ರ ಮಳೆಗೆ, ಬ್ಯಾಂಕಿನ ಕಂತು ಕಟ್ಟುವುದು ಇಂಗ್ಲಿಷ್ ತಾರೀಖಿಗೆ. ಮೂರೂ ಒಂದೇ ತಲೆಯಲ್ಲಿ. ಡೇಟ್ ಲೆಕ್ಕಕ್ಕೆ ಕೋಡ್ ಬರೆದವರಿಗೆ ಈ ಸಂಕಟದ ಒಂದು ಪಾಲಾದರೂ ಗೊತ್ತಿರುತ್ತೆ. ಫ್ಯಾಂಟಸಿ ಲೋಕದಲ್ಲೋ, ಸಮುದ್ರದಿಂದ ಹಿಮಪರ್ವತದವರೆಗೆ ರಾಜನಿಗೂ ದನ ಕಾಯುವವನಿಗೂ ಒಂದೇ ಕ್ಯಾಲೆಂಡರು. ಟೋಲ್ಕಿನ್ ಇಲ್ಲೂ ಬೇರೆ: ಎಲ್ಫ್‌ಗಳಿಗೆ ಆರು ದಿನದ ವಾರ, ಗೊಂಡೋರ್‌ಗೆ ಅದರದೇ ಲೆಕ್ಕ. ಉಂಗುರ ನಾಶವಾದದ್ದು ಮಾರ್ಚ್ 25ಕ್ಕೆ. ಆಮೇಲೆ ಹೊಸ ರಾಜನ ಆಳ್ವಿಕೆಯಲ್ಲಿ ವರ್ಷ ಶುರುವಾಗುವುದೂ ಅವತ್ತೇ. ಗೆದ್ದವನು ಮೊದಲು ಮುಟ್ಟುವುದು ಕ್ಯಾಲೆಂಡರನ್ನೇ.

ನಿಮ್ಮಲ್ಲಿ ಯಾರಾದರೂ ಕನ್ನಡದಲ್ಲಿ ಇಂಥದ್ದೊಂದು ಲೋಕ ಕಟ್ಟುವವರಿದ್ದರೆ, ತಿಂಗಳುಗಳಿಗೆ ಚೆಂದದ ಹೆಸರು ಹುಡುಕುವ ಮೊದಲು ಇಷ್ಟು ಹೇಳಿಬಿಡಿ. ಅಲ್ಲಿ ಸೌದೆ ಒಡೆಯುವ ಆಳಿಗೆ ರಜಾ ಯಾವತ್ತು? ಸಾಹುಕಾರ ಬಡ್ಡಿ ಎಣಿಸುವುದು ಯಾವ ತಿಂಗಳ ಲೆಕ್ಕಕ್ಕೆ? ಯಾವ ತಿಂಗಳಿಗೂ ಸೇರದ ಆ ಐದು ಹಬ್ಬದ ದಿನಗಳಿಗೆ ಕೂಲಿ ಉಂಟೋ, ಇಲ್ಲವೋ?