ಹಿಮದೇಶದ ಭಕ್ಷ್ಯವೂ ನಮ್ಮ ಪರಿಹಾಸವೂ

ಈಚೆಗೆ ನಮ್ಮ ಮನೆಗೆ ದಯಮಾಡಿಸಿದ್ದ ಮಿತ್ರರೊಬ್ಬರು ಮಕ್ಕಳ ಮುಂದೆ ಒಂದು ವಿನೋದವನ್ನು ಹೇಳಿದರು. ಉತ್ತರಧ್ರುವದ ಕಡೆಯಲ್ಲಿ ‘ಎಸ್ಕಿಮೋ ಐಸ್‌ಕ್ರೀಂ’ ಎಂಬ ಭಕ್ಷ್ಯವುಂಟಂತೆ. ಅದರಲ್ಲಿ ಹಾಲಿಲ್ಲ, ಕೆನೆಯಿಲ್ಲ. ಇರುವುದು ಮೃಗದ ಕೊಬ್ಬು, ಸೀಲೆಂಬ ಕಡಲಪ್ರಾಣಿಯ ಎಣ್ಣೆ, ಕೆಲವೊಮ್ಮೆ ಮೀನು. ಮಕ್ಕಳು ಮೂಗು ಮುಚ್ಚಿಕೊಂಡು ನಕ್ಕರು, ಹಿರಿಯರೂ ನಕ್ಕರು. “ಇದನ್ನು ಚಪ್ಪರಿಸುವವರೂ ಮನುಷ್ಯರೇ?” ಎಂದು ಮಿತ್ರರು ಮುಗಿಸಿದರು. ಅಂದು ನಾನು ಸುಮ್ಮನಿದ್ದೆನು. ಆ ಮೌನವು ತಪ್ಪೆಂದು ಆಮೇಲೆ ತೋರಿದ್ದರಿಂದ ಇಂದು ಉತ್ತರವನ್ನು ಬರೆಯುತ್ತಿದ್ದೇನೆ.

ಮೊದಲು ಹೆಸರಿನ ವಿಚಾರ. ಅಲಾಸ್ಕಾದ ಪಶ್ಚಿಮದಲ್ಲಿ, ಯೂಕಾನ್ ಮತ್ತು ಕಸ್ಕೊಕ್ವಿಮ್ ನದಿಗಳ ಮುಖಜಭೂಮಿಯಲ್ಲಿ ವಾಸಿಸುವ ಯೂಪಿಕ್ ಜನರು ಈ ಭಕ್ಷ್ಯವನ್ನು ‘ಅಕುತಕ್’ ಎನ್ನುತ್ತಾರೆ. ‘ಕಲಸಿದ್ದು’ ಎಂಬುದೇ ಆ ಶಬ್ದದ ಅರ್ಥ. ‘ಎಸ್ಕಿಮೋ’ ಎಂಬುದಾದರೋ ಹೊರಗಿನವರು ಇಟ್ಟ ಹೆಸರು. ಅಯೋವಾ ಪ್ರಾಂತದ ವರ್ತಕನೊಬ್ಬನು ೧೯೨೨ರಲ್ಲಿ ಸ್ವಾಮ್ಯಪತ್ರ ಪಡೆದ ಚಾಕೊಲೇಟ್ ಲೇಪದ ಐಸ್‌ಕ್ರೀಮಿಗೂ ಈ ಹೆಸರೇ ಅಂಟಿತು. ಸುಮಾರು ನೂರು ವರ್ಷಗಳಾದ ಮೇಲೆ, ೨೦೨೧ರಲ್ಲಿ, ಅದರ ಒಡೆಯರೇ ಆ ಹೆಸರನ್ನು ಕೈಬಿಟ್ಟರು. ಮಾರುವವರು ಬಿಟ್ಟ ಹೆಸರನ್ನು ನಾವು ಹಿಡಿದುಕೊಂಡು ನಗುವುದು ಯಾವ ವಿವೇಕ? ನಮ್ಮ ಹೋಳಿಗೆಯನ್ನು ಪರದೇಶದವನು ‘ಬೇಳೆ ತುಂಬಿದ ರೊಟ್ಟಿ’ ಎಂದು ಕರೆದು ಮುಖ ಸಿಂಡರಿಸಿದರೆ ನಾವು ಸಹಿಸುವೆವೇ?

ಇನ್ನು ಪೂರ್ವಪಕ್ಷಗಳನ್ನು ನೋಡೋಣ. ಕೊಬ್ಬು ಭಕ್ಷ್ಯವಾಗುವುದೆಂತು ಎಂಬುದು ಮೊದಲನೆಯದು. ಅಲ್ಲಿಯ ಹೆಂಗಸರು ಹಿಮಸಾರಂಗದ ಕೊಬ್ಬನ್ನು ಮೆತ್ತಗೆ ಮಾಡಿ, ಎಣ್ಣೆಯನ್ನು ಸ್ವಲ್ಪಸ್ವಲ್ಪವಾಗಿ ಸೇರಿಸುತ್ತ, ಅದು ಬೆಳ್ಳಗೆ ಹಗುರಾಗಿ ಉಬ್ಬುವವರೆಗೆ ಕೈಯಿಂದಲೇ ಬಡಿದು ಕಲಸುತ್ತಾರೆ. ಕೆಲವರು ಹೊಸ ಹಿಮವನ್ನೂ ಸೇರಿಸುವುದುಂಟು. ಬೇಸಗೆಯಲ್ಲಿ ಬಯಲಿನಿಂದ ಆರಿಸಿ ತಂದ ಕಾಡುಹಣ್ಣುಗಳನ್ನು ಕೊನೆಗೆ ಬೆರಸಿ ತಣ್ಣಗಿಡುತ್ತಾರೆ. ಕಬ್ಬು ಬೆಳೆಯದ, ಹಸು ಮೇಯದ ನೆಲದಲ್ಲಿ ಹಾಲಿನ ಪಾಯಸವನ್ನು ಹುಡುಕುವವನು ತನ್ನ ಅಜ್ಞಾನವನ್ನೇ ಪ್ರಕಟಿಸುತ್ತಾನೆ. ಒಂದು ಗ್ರಾಂ ಸಕ್ಕರೆ ದೇಹಕ್ಕೆ ನಾಲ್ಕು ಕ್ಯಾಲೊರಿ ಶಾಖವನ್ನು ಕೊಟ್ಟರೆ ಒಂದು ಗ್ರಾಂ ಕೊಬ್ಬು ಒಂಬತ್ತನ್ನು ಕೊಡುತ್ತದೆ. ಚಳಿಯಲ್ಲಿ ದುಡಿಯುವ ದೇಹವು ಕೇಳುವುದು ಇದನ್ನೇ. ದೇಶಕ್ಕೆ ತಕ್ಕ ಆಹಾರವನ್ನು ನಮ್ಮ ವೈದ್ಯಶಾಸ್ತ್ರವು ‘ಸಾತ್ಮ್ಯ’ವೆಂದು ಕರೆಯಿತು. ಇಷ್ಟಕ್ಕೂ ಹೋಳಿಗೆಯ ಮೇಲೆ ನಾವು ಸುರಿದುಕೊಳ್ಳುವ ತುಪ್ಪವು ಹಾಲಿನ ಕೊಬ್ಬಲ್ಲದೆ ಮತ್ತೇನು?

ಹಿಂಸೆಯಿಂದ ಬಂದ ಆಹಾರವಲ್ಲವೇ ಎಂಬುದು ಎರಡನೆಯದು. ನಾನು ಶಾಕಾಹಾರಿ, ಅಕುತಕ್ಕನ್ನು ನಾನು ಮುಟ್ಟತಕ್ಕವನಲ್ಲ. ಆದರೆ ನಾನು ತಿನ್ನದಿರುವುದು ನನ್ನ ನಿಯಮ. ತಿನ್ನುವವರನ್ನು ಹೀಗಳೆಯುವುದಕ್ಕೆ ಅದು ಅಧಿಕಾರಪತ್ರವಲ್ಲ. ಆ ಜನರಲ್ಲಿ ಹುಡುಗನು ಮೊದಲ ಬೇಟೆಯನ್ನು ತಂದರೆ ಮನೆಯವರು ಅದನ್ನು ತಾವೇ ಇಟ್ಟುಕೊಳ್ಳದೆ ಊರವರಿಗೆ ಹಂಚುವ ಸಂಪ್ರದಾಯವುಂಟು. ಅವರ ಔತಣಗಳಲ್ಲಿ ಬಡಿಸುವ ಭಕ್ಷ್ಯವೇ ಈ ಅಕುತಕ್. ಹಂಚಿ ತಿನ್ನುವವರು ಮನುಷ್ಯರೇ ಎಂದು ಕೇಳುವವರು ತಮ್ಮ ಉಗ್ರಾಣದ ಬೀಗವನ್ನೊಮ್ಮೆ ನೋಡಿಕೊಳ್ಳಲಿ.

ಅವರು ಎಂದೂ ಬದಲಾಗದ ಕಾಡುಜನರೆಂಬುದು ಮೂರನೆಯದು. ಸಾಕಿದ ಹಿಮಸಾರಂಗವು ಸೈಬೀರಿಯದಿಂದ ಅಲಾಸ್ಕಾಕ್ಕೆ ಬಂದದ್ದೇ ೧೮೯೨ರಲ್ಲಿ. ೧೯೧೧ರಲ್ಲಿ ಅಮೆರಿಕದ ಪೇಟೆಗೆ ಬಂದ ಗಟ್ಟಿಗೊಳಿಸಿದ ಸಸ್ಯತೈಲವೂ ಸಕ್ಕರೆಯೂ ಕ್ರಮೇಣ ಅವರ ಅಡುಗೆಮನೆಯನ್ನು ಹೊಕ್ಕವು. ಇಂದು ಎಷ್ಟೋ ಮನೆಗಳ ಅಕುತಕ್ಕಿಗೆ ಹಾಕುವುದು ಆ ಸಸ್ಯತೈಲವನ್ನೇ. ನಮ್ಮ ವನಸ್ಪತಿಗೂ ಅದಕ್ಕೂ ಎಷ್ಟು ದೂರ? ನಗುವವರಿಗೆ ಇದು ತಿಳಿದೇ ಇಲ್ಲ.

ಮಿತ್ರರನ್ನು ಮಾತ್ರ ದೂಷಿಸಿ ನಾನು ಪಾರಾಗುವಂತಿಲ್ಲ. “ಎಸ್ಕಿಮೋಗಳು ಹಿಮದ ಮನೆಗಳಲ್ಲಿ ವಾಸಿಸುತ್ತಾರೆ” ಎಂದು ವರ್ಷವರ್ಷವೂ ಮಕ್ಕಳಿಂದ ಬರೆಯಿಸಿದವನು ನಾನು. ಹಿಮದ ಮನೆಯಲ್ಲಿ ಒಲೆ ಹೊತ್ತಿಸಿದರೆ ಗೋಡೆ ಕರಗುವುದಿಲ್ಲವೇ ಎಂದು ಕೇಳಿದ ಹುಡುಗನೊಬ್ಬನನ್ನು ಗದರಿಸಿ ಕೂರಿಸಿದೆನು. ತರಗತಿಯೆಲ್ಲ ಅವನನ್ನು ನೋಡಿ ನಕ್ಕಿತು. ಯೂಪಿಕ್ ಜನರ ಹಳೆಯ ಮನೆಗಳು ತೇಲಿಬಂದ ಮರದಿಂದಲೂ ಹುಲ್ಲುಮಣ್ಣಿನ ಹೆಂಟೆಗಳಿಂದಲೂ ಕಟ್ಟಿದವು ಎಂಬುದನ್ನು ನಾನು ಓದಿದ್ದು ನಿವೃತ್ತನಾದ ಮೇಲೆ. ಅಷ್ಟರಲ್ಲಿ ಆ ಹುಡುಗನು ಎಲ್ಲಿಗೆ ಹೋದನೋ ಅರಿಯೆ. ಅವನ ಪ್ರಶ್ನೆ ಸರಿಯಾದದ್ದು. ನನ್ನ ಪಾಠವೇ ತಪ್ಪು.

ಇದು ನಗೆಯ ಮಾತೆಂದು ಯಾರೂ ತಳ್ಳಿಹಾಕತಕ್ಕದ್ದಲ್ಲ. ಅಲಾಸ್ಕಾದ ಶಾಲೆಗಳಲ್ಲಿ ಒಂದು ಕಾಲಕ್ಕೆ ಈ ಮಕ್ಕಳು ತಮ್ಮ ತಾಯ್ನುಡಿಯನ್ನು ಆಡಿದರೆ ಶಿಕ್ಷೆಯಾಗುತ್ತಿತ್ತು. ಶಿಕ್ಷಿಸಿದವರು ಕ್ರೂರಮೃಗಗಳಲ್ಲ, ನನ್ನಂಥ ಉಪಾಧ್ಯಾಯರೇ. ಒಂದು ಜನದ ಊಟವನ್ನು ಕಂಡು ನಗಲು ಕಲಿತವನಿಗೆ ಅವರ ಮಾತನ್ನು ಕಂಡು ನಗುವುದು ಕಷ್ಟವಲ್ಲ. ನಗುವುದಕ್ಕೂ ಬೆತ್ತಕ್ಕೂ ನಡುವೆ ಇರುವ ದೂರ ಬಹಳ ಕಡಿಮೆ.

ಆದುದರಿಂದ ಗೃಹಸ್ಥರಲ್ಲಿ ನನ್ನ ವಿಜ್ಞಾಪನೆಯಿಷ್ಟೆ. ಪರರ ಊಟದ ಮಾತು ಬಂದಾಗ ಮಕ್ಕಳಿಗೆ ಮೊದಲು ಅದರ ನಿಜವಾದ ಹೆಸರನ್ನು ಹೇಳಿರಿ. ಆಮೇಲೆ ಅದು ಹುಟ್ಟಿದ ನೆಲವನ್ನು ವರ್ಣಿಸಿರಿ. ನಾನು ಹಾಗೆ ಮಾಡಿದೆನು. ಮೂಗು ಮುಚ್ಚಿಕೊಂಡಿದ್ದ ಕಿರಿಯ ಮೊಮ್ಮಗಳು ಕೈ ತೆಗೆದು, “ತಾತ, ಆ ಹಣ್ಣು ಹುಳಿಯೋ ಸಿಹಿಯೋ?” ಎಂದು ಕೇಳಿದಳು.