ಪರೀಕ್ಷೆ ಮುಗಿದ ಮೇಲೆ ಬರುವ ತೀರ್ಪು

2022ರ ಫೆಬ್ರವರಿ 3ರಂದು ಕುಂದಾಪುರದ ಸರ್ಕಾರಿ ಪದವಿಪೂರ್ವ ಕಾಲೇಜಿನ ಗೇಟು ಶಿರವಸ್ತ್ರ ಧರಿಸಿದ ವಿದ್ಯಾರ್ಥಿನಿಯರ ಮುಂದೆ ಮುಚ್ಚಿತು. ಸಮವಸ್ತ್ರದ ಕುರಿತ ಸರ್ಕಾರಿ ಆದೇಶ ಹೊರಬಿದ್ದುದು ಫೆಬ್ರವರಿ 5ರಂದು. ಮೊದಲು ಗೇಟು, ಆಮೇಲೆ ಆದೇಶ! ನಮ್ಮ ಹೆಣ್ಣುಮಕ್ಕಳು ನ್ಯಾಯಾಲಯದ ಮೆಟ್ಟಿಲೇರಿದರು. ಸಂವಿಧಾನವನ್ನು ನಂಬಿದವರು ಮಾಡಬೇಕಾದುದು ಅದನ್ನೇ.

ಫಲವೇನು? ಮಾರ್ಚ್ 15ರಂದು ಹೈಕೋರ್ಟ್ ಅರ್ಜಿಗಳನ್ನು ವಜಾಗೊಳಿಸಿತು. ಪರೀಕ್ಷೆ ಸಮೀಪಿಸಿದೆ, ತುರ್ತಾಗಿ ಆಲಿಸಬೇಕು ಎಂಬ ಮನವಿಗೆ ಮಾರ್ಚ್ 24ರಂದು ಸುಪ್ರೀಂ ಕೋರ್ಟ್ ದಿನಾಂಕ ಕೊಡಲಿಲ್ಲ. ಏಪ್ರಿಲ್ 22ರಂದು ದ್ವಿತೀಯ ಪಿಯುಸಿ ಪರೀಕ್ಷೆ ಆರಂಭವಾಯಿತು. ವಾದ ನಡೆದದ್ದು ಸೆಪ್ಟೆಂಬರ್‌ನಲ್ಲಿ. ಅಕ್ಟೋಬರ್ 13ರಂದು ನ್ಯಾಯಮೂರ್ತಿ ಹೇಮಂತ್ ಗುಪ್ತಾ ಮೇಲ್ಮನವಿಗಳನ್ನು ತಳ್ಳಿಹಾಕಿದರು, ನ್ಯಾಯಮೂರ್ತಿ ಸುಧಾಂಶು ಧೂಲಿಯಾ ಎತ್ತಿಹಿಡಿದರು. ವಿಷಯ ವಿಸ್ತೃತ ಪೀಠದ ಕಡೆಗೆ ಸಾಗಿತು. 2023ರ ಮಾರ್ಚ್ 9ರ ಪರೀಕ್ಷೆಗೆ ಕೆಲವೇ ದಿನಗಳಿರುವಾಗ ಮತ್ತೆ ಮೊರೆಯಿಟ್ಟಾಗ, ಹೋಳಿ ರಜೆಯ ಬಳಿಕ ಎಂಬ ಉತ್ತರ ದೊರೆಯಿತು.

ಆ ಮಕ್ಕಳು ಕಾಲೇಜು ದಾಟಿ ಹೋದರು, ಇನ್ನೇಕೆ ಮೊಕದ್ದಮೆ ಎನ್ನುವವರಿದ್ದಾರೆ. ನಮ್ಮವರಲ್ಲೂ ಇದ್ದಾರೆ. ನಾವು ಇದನ್ನು ಒಪ್ಪುವುದಿಲ್ಲ. ಪಿಯುಸಿಯ ಅವಧಿ ಎರಡೇ ವರ್ಷ. ಅರ್ಜಿದಾರರು ಹೊರಬಿದ್ದೊಡನೆ ಅರ್ಜಿಯೂ ಅಪ್ರಸ್ತುತವಾಗುವುದಾದರೆ ಯಾವ ಧರ್ಮದ ವಿದ್ಯಾರ್ಥಿಯೂ ಎಂದೂ ಗೆಲ್ಲಲಾರ. ಆಡಳಿತವು ವಾಯಿದೆ ಕೇಳುತ್ತಾ ಕುಳಿತರೆ ಸಾಕು.

ನಿಷೇಧಾಜ್ಞೆಗಳ ಆಯುಷ್ಯ ಇನ್ನೂ ಕಡಿಮೆ. ಅದೇ ಫೆಬ್ರವರಿಯ 14ರಿಂದ 19ರವರೆಗೆ ಉಡುಪಿ ಜಿಲ್ಲೆಯ ಪ್ರೌಢಶಾಲೆಗಳ ಸುತ್ತ 200 ಮೀಟರ್ ವ್ಯಾಪ್ತಿಯಲ್ಲಿ ಸೆಕ್ಷನ್ 144 ಜಾರಿಯಲ್ಲಿತ್ತು. ಆರು ದಿನಗಳ ಆಜ್ಞೆಯನ್ನು ಆರು ದಿನಗಳೊಳಗೆ ಪ್ರಶ್ನಿಸಿ ತೀರ್ಪು ಪಡೆಯಲು ಯಾರಿಂದ ಸಾಧ್ಯ?

ಆದರೆ ಅವಧಿ ಮುಗಿದ ಆಜ್ಞೆ ವಿಚಾರಣೆಯಿಂದ ಪಾರಾಗಲೇಬೇಕೆಂದೇನೂ ಇಲ್ಲ. 2019ರ ಡಿಸೆಂಬರ್‌ನಲ್ಲಿ, ಪೌರತ್ವ ಕಾಯ್ದೆ ವಿರೋಧಿ ಪ್ರತಿಭಟನೆಗಳ ಸಮಯದಲ್ಲಿ, ಬೆಂಗಳೂರಿನಲ್ಲಿ ಹೊರಡಿಸಿದ ನಿಷೇಧಾಜ್ಞೆ ಡಿಸೆಂಬರ್ 21ಕ್ಕೇ ಕೊನೆಗೊಂಡಿತ್ತು. ಆದರೂ ಮುಖ್ಯ ನ್ಯಾಯಮೂರ್ತಿ ಅಭಯ್ ಓಕಾ ಅವರಿದ್ದ ಕರ್ನಾಟಕ ಹೈಕೋರ್ಟ್ ಪೀಠವು 2020ರ ಫೆಬ್ರವರಿ 13ರಂದು ಅದನ್ನು ಕಾನೂನುಬಾಹಿರವೆಂದು ಸಾರಿತು. ನಮ್ಮದೇ ರಾಜ್ಯದ ಈ ತೀರ್ಪು ನಮ್ಮ ವೇದಿಕೆಗಳಲ್ಲಿ ಚರ್ಚೆಗೆ ಬರುವುದೇ ಅಪರೂಪ. ಆವೇಶದ ಭಾಷಣಗಳಿಗೆ ಕೊರತೆಯಿಲ್ಲ.

ಖಲೀಫ ಉಮರ್(ರ) ಅವರು ಅಬೂ ಮೂಸಾ ಅಶ್‌ಅರೀ(ರ) ಅವರಿಗೆ ನ್ಯಾಯದಾನದ ಕುರಿತು ಬರೆದರೆನ್ನಲಾದ ಪತ್ರದಲ್ಲಿ, ಜಾರಿಗೆ ಬಾರದ ಹಕ್ಕಿನ ಬಗ್ಗೆ ಮಾತನಾಡುವುದು ನಿಷ್ಪ್ರಯೋಜಕ ಎಂಬ ಆಶಯವಿದೆ. ಶಿಕ್ಷಣಕ್ಕೆ ಸಂಬಂಧಿಸಿದ ಅರ್ಜಿಗಳು ಪರೀಕ್ಷೆಗೆ ಮುನ್ನ ಇತ್ಯರ್ಥವಾಗಲಿ. ಆಗದಿದ್ದರೆ, ವಿದ್ಯಾರ್ಥಿ ಹೊರಹೋದ ಬಳಿಕವೂ ಆದೇಶದ ಸಿಂಧುತ್ವ ನಿರ್ಧಾರವಾಗಲಿ. ನಮ್ಮ ಬೇಡಿಕೆ ಇಷ್ಟೇ.

ಕುಂದಾಪುರ, ಬೈಂದೂರು, ಬ್ರಹ್ಮಾವರದ ಹೆತ್ತವರು ಇಷ್ಟನ್ನಾದರೂ ಮಾಡಲಿ: ಗೇಟಿನ ಬಳಿ ಬಾಯಿಮಾತಿನಲ್ಲಿ ಹೇಳಿದ್ದನ್ನು ಬರಹದಲ್ಲಿ ಕೇಳಲಿ, ಕೊಡದಿದ್ದರೆ ಅಂದೇ ಲಿಖಿತ ಮನವಿ ಸಲ್ಲಿಸಿ ಸ್ವೀಕೃತಿ ಪಡೆಯಲಿ. ಮಗಳ ಹಾಜರಾತಿ, ತಪ್ಪಿದ ಪರೀಕ್ಷೆ, ಪಡೆದ ವರ್ಗಾವಣೆ ಪತ್ರ ಎಲ್ಲದರ ಪ್ರತಿಯನ್ನೂ ಕಾಪಾಡಿಕೊಳ್ಳಲಿ. ಆದೇಶ ಹಿಂಪಡೆದ ದಿನವೂ ಆ ಕಡತವನ್ನು ಎಸೆಯದಿರಲಿ.