ಮಾತಿಲ್ಲದ ನಗೆಯ ಬೆಲೆ

ಊರು ಬಿಟ್ಟು ಪುಣೆಯ ಹೋಟೆಲು ಸೇರಿದ ಹುಡುಗನಿಗೆ ಮೊದಲ ವಾರದಲ್ಲಿ ಮರಾಠಿ ತಿಳಿಯದು. ಹಿಂದಿ ನಾಲಗೆಗೆ ಹತ್ತದು. ಆದರೆ ಲೋಟಗಳನ್ನು ಹೊತ್ತವನೊಬ್ಬನು ಒದ್ದೆ ನೆಲದ ಮೇಲೆ ಜಾರಿ, ಬೀಳದೆ ಸಾವರಿಸಿಕೊಂಡಾಗ ಏಳುವ ನಗೆಯಲ್ಲಿ ಅವನೂ ಪಾಲುಗಾರನಾಗುತ್ತಾನೆ. ಮೂಕಚಿತ್ರಗಳ ಹಾಸ್ಯವು ಈ ಜಾತಿಯದು. ಅದನ್ನು ಮಕ್ಕಳಾಟವೆಂದು ತಳ್ಳಿಹಾಕುವುದು ಉಚಿತವಲ್ಲ.

ಡೆನ್ಮಾರ್ಕಿನ ನಿದರ್ಶನವನ್ನು ನೋಡಬಹುದು. ನೀಳಕಾಯದ ಕಾರ್ಲ್ ಶೆನ್‌ಸ್ಟ್ರೋಮ್, ಗಿಡ್ಡನೆಯ ಹರಾಲ್ಡ್ ಮ್ಯಾಡ್ಸನ್ ಎಂಬಿಬ್ಬರು, ಲಾರೆಲ್ ಮತ್ತು ಹಾರ್ಡಿ ಜೋಡಿಯಾಗುವುದಕ್ಕೆ ಮೊದಲೇ, 1921ರಿಂದ ಜೊತೆಯಾಗಿ ನಟಿಸಿದರು. ಅವರದು ಬಹುಮಟ್ಟಿಗೆ ಅಲೆಮಾರಿಗಳ ಪಾತ್ರ: ಕೈಯಲ್ಲಿ ಕಾಸಿಲ್ಲ, ಹೊಟ್ಟೆಯಲ್ಲಿ ಹಸಿವು, ಆದರೂ ಎದೆಗುಂದದ ನಡೆ. ಡೇನಿಷ್ ಭಾಷೆಯನ್ನಾಡುವವರು ಕೆಲವೇ ದಶಲಕ್ಷ ಜನ. ಆದರೆ ನಡುನಡುವೆ ಬರುವ ಬರಹದ ಫಲಕಗಳನ್ನು ಬದಲಿಸಿದರೆ ಚಿತ್ರವು ಯಾವ ದೇಶಕ್ಕೂ ಸಲ್ಲುತ್ತಿತ್ತು. ಜರ್ಮನಿಯ ಜನ ಅವರನ್ನು ಪ್ಯಾಟ್ ಮತ್ತು ಪಟಾಶೋನ್ ಎಂದು ಕರೆದು ತಮ್ಮವರನ್ನಾಗಿಸಿಕೊಂಡರು. ಇಂದು ಡೆನ್ಮಾರ್ಕಿನ ಚಲಚ್ಚಿತ್ರ ಸಂಸ್ಥೆಯು ತನ್ನ ನಾಡಿನ ಮೂಕಚಿತ್ರಗಳನ್ನು ಅಂತರಜಾಲದಲ್ಲಿ ಉಚಿತವಾಗಿ ತೋರಿಸುತ್ತಿದೆ.

ನಮ್ಮ ಪಾಡೇನು? ಹಾಸ್ಯಪಾತ್ರಗಳಿಂದ ಮನೆಮಾತಾಗಿದ್ದ ಗುಬ್ಬಿ ವೀರಣ್ಣನವರು 1931ರ ‘ಹಿಸ್ ಲವ್ ಅಫೇರ್’ ಎಂಬ ಮೂಕಚಿತ್ರದಲ್ಲಿ ನಟಿಸಿದರು. ಇಂದು ಅದು ನೋಡಸಿಗುವುದಿಲ್ಲ. ಅದೇ ವರ್ಷ ‘ಆಲಂ ಆರಾ’ ಮಾತನಾಡಿತು. ಮಾತು ಬಂದೊಡನೆ ಮೂಕಚಿತ್ರಗಳಿಗೆ ಬೆಲೆಯಿಲ್ಲದಾಯಿತು. ಆ ಕಾಲದ ನೈಟ್ರೇಟ್ ಸುರುಳಿಗಳಾದರೋ ಸುಲಭವಾಗಿ ಹೊತ್ತಿಕೊಳ್ಳುವಂಥವು, ಇಟ್ಟಲ್ಲೇ ಕೊಳೆಯುವಂಥವು. ಭಾರತದಲ್ಲಿ ತಯಾರಾದ ಸಾವಿರಕ್ಕೂ ಮಿಕ್ಕ ಮೂಕಚಿತ್ರಗಳಲ್ಲಿ ಉಳಿದಿರುವುದು ಬೆರಳೆಣಿಕೆಯಷ್ಟೇ.

ಹೀಗೆ ಉಳಿದವುಗಳನ್ನು ಕಾಯುವ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯವು ನಮ್ಮ ಪುಣೆಯಲ್ಲೇ ಇದೆ. 1964ರಲ್ಲಿ ಸ್ಥಾಪಿತವಾದ ಈ ಸಂಸ್ಥೆಗಾಗಿ ಪಿ. ಕೆ. ನಾಯರ್ ಅವರು ಊರೂರು ಅಲೆದು, ಫಾಲ್ಕೆಯವರ ಚಿತ್ರಗಳ ಅಳಿದುಳಿದ ತುಣುಕುಗಳನ್ನು ಸಂಗ್ರಹಿಸಿದರು. ಅದು 1931ರಲ್ಲೇ ಇದ್ದಿದ್ದರೆ ವೀರಣ್ಣನವರ ನಗೆಯೂ ಉಳಿಯುತ್ತಿತ್ತೇನೋ.

ಆದುದರಿಂದ ಇಲ್ಲಿಯ ಕನ್ನಡಿಗರಲ್ಲಿ ನಮ್ಮದು ಎರಡು ವಿನಂತಿ. ನಾಟಕ ಕಂಪನಿಯ ಹಳೆಯ ಕರಪತ್ರವೋ ಫೋಟೋವೋ ಚಿತ್ರದ ಸುರುಳಿಯೋ ಊರಿನ ಮನೆಯ ಅಟ್ಟದಲ್ಲಿದ್ದರೆ, ರದ್ದಿಗೆ ಹಾಕುವ ಮುನ್ನ ಸಂಗ್ರಹಾಲಯಕ್ಕೆ ತಿಳಿಸಿರಿ. ಎರಡನೆಯದಾಗಿ, ನಮ್ಮ ಸಂಘಗಳು ರಾಜ್ಯೋತ್ಸವದ ಭಾಷಣಗಳ ನಡುವೆ ಒಂದು ಸಂಜೆಯನ್ನು ಮೂಕ ಹಾಸ್ಯಚಿತ್ರಕ್ಕೆ ಮೀಸಲಿಡಲಿ. ಅದೂ ಹೋಟೆಲು ಕೆಲಸಗಾರರಿಗೆ ಬಿಡುವಿರುವ ಹೊತ್ತಿಗೆ. ನಿನ್ನೆ ಮೊನ್ನೆ ಬಂದ ಹುಡುಗನೂ ಅಂದು ಮರಾಠಿ ನೆರೆಯವನ ಪಕ್ಕದಲ್ಲಿ ಕುಳಿತು, ಅವನೊಡನೆ ಸರಿಸಮನಾಗಿ ನಗಲಿ.